ಹದಿನಾರು ಕೊಡ ನೀರು, ಒಂದು ಮತ

ಮನೆಯಲ್ಲಿ ಊಟಕ್ಕೆ ಬಡಿಸುವವರು ನೀವೇ ಆಗಿದ್ದರೆ, ಸಮಾನತೆ ಎಂಬ ಪ್ರಶ್ನೆಯನ್ನು ದಿನಕ್ಕೆರಡು ಬಾರಿ ಬಗೆಹರಿಸುತ್ತಿದ್ದೀರಿ ಎಂದೇ ಅರ್ಥ. ಬುಟ್ಟಿಯಲ್ಲಿ ಹನ್ನೆರಡು ರೊಟ್ಟಿ, ಉಣ್ಣುವವರು ಆರು ಮಂದಿ. ತಲೆಗೆ ಎರಡರಂತೆ ಹಾಕಿದರೆ ಲೆಕ್ಕ ಸರಿಹೋಗುತ್ತದೆ. ಆದರೆ ಹಾಗೆ ಬಡಿಸುವ ತಾಯಿಯನ್ನು ನಾನಂತೂ ಕಂಡಿಲ್ಲ. ಹೊಲದಿಂದ ಬಂದವನಿಗೆ ನಾಲ್ಕು, ಚಿಕ್ಕ ಮಗುವಿಗೆ ಅರ್ಧ, ಹಲ್ಲಿಲ್ಲದ ಅಜ್ಜಿಗೆ ಒಂದನ್ನು ಹಾಲಿನಲ್ಲಿ ನೆನೆಸಿ, ಬಸುರಿ ಸೊಸೆಗೆ ಅವಳು ಕೇಳದಿದ್ದರೂ ಇನ್ನೊಂದು. ಇದನ್ನು ಯಾರೂ ಪಕ್ಷಪಾತ ಎನ್ನುವುದಿಲ್ಲ. ಬಡಿಸಿದವಳು ಕೊನೆಗೆ ತನಗೇನು ಉಳಿಸಿಕೊಂಡಳು ಎಂಬುದನ್ನು ಮಾತ್ರ ಯಾರೂ ನೋಡುವುದಿಲ್ಲ. ಆ ಮಾತಿಗೆ ಆಮೇಲೆ ಬರುತ್ತೇನೆ.

ಈ ಅಡುಗೆಮನೆಯ ಲೆಕ್ಕವನ್ನೇ 1979ರಲ್ಲಿ ಅಮೆರಿಕದ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದಲ್ಲಿ ನೀಡಿದ ಉಪನ್ಯಾಸವೊಂದರಲ್ಲಿ ಅಮರ್ತ್ಯ ಸೇನ್ ವಿದ್ವಾಂಸರ ಮುಂದಿಟ್ಟರು. ಶಾಂತಿನಿಕೇತನದಲ್ಲಿ ಹುಟ್ಟಿ, ಹುಡುಗನಾಗಿದ್ದಾಗ 1943ರ ಬಂಗಾಳದ ಕ್ಷಾಮವನ್ನು ಕಣ್ಣಾರೆ ಕಂಡ ಅರ್ಥಶಾಸ್ತ್ರಜ್ಞರು ಅವರು. 1998ರಲ್ಲಿ ನೊಬೆಲ್ ಪ್ರಶಸ್ತಿ ಪಡೆದವರು. ಸಮಾನತೆ ಬೇಕು ಎಂದು ಎಲ್ಲರೂ ಹೇಳುತ್ತಾರೆ, ಆದರೆ ಯಾವುದರ ಸಮಾನತೆ ಎಂದು ಅವರು ಕೇಳಿದರು. ಕಾಲಿಲ್ಲದವನಿಗೂ ಕಾಲಿರುವವನಿಗೂ ಒಂದೇ ಮೊತ್ತದ ಹಣ ಕೊಟ್ಟರೆ ಇಬ್ಬರೂ ಸಮಾನರಾದರೇ? ಒಬ್ಬ ಆ ಹಣದಲ್ಲಿ ಸಂತೆಗೆ ಹೋಗಿ ಬರುತ್ತಾನೆ. ಇನ್ನೊಬ್ಬನಿಗೆ ಮನೆಯ ಹೊಸ್ತಿಲು ದಾಟುವುದಕ್ಕೇ ಅದೆಲ್ಲ ಖರ್ಚಾಗುತ್ತದೆ. ಆದ್ದರಿಂದ ಕೈಗೆ ಎಷ್ಟು ಬಂತು ಎಂಬುದಕ್ಕಿಂತ, ಬಂದದ್ದರಿಂದ ಮನುಷ್ಯ ಏನು ಮಾಡಬಲ್ಲ, ಏನಾಗಬಲ್ಲ ಎಂಬುದನ್ನು ಅಳೆಯಬೇಕು ಎಂಬುದು ಸೇನರ ವಾದ.

ಸಹೋದರಿಯರೇ, ಈ ದೊಡ್ಡವರ ಮಾತಿಗೂ ನಮಗೂ ಏನು ಸಂಬಂಧ ಎಂದು ಪುಟ ತಿರುಗಿಸಬೇಡಿ. ಸಂಬಂಧ ಬಹಳ ಹತ್ತಿರದ್ದು. ವಿಜಯಪುರ ಜಿಲ್ಲೆಯ ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ಎಂಬ ನಾಲ್ಕು ತಾಲೂಕುಗಳ ಕತೆಯನ್ನೇ ಇಲ್ಲಿ ಹೇಳಹೊರಟಿದ್ದೇನೆ.

2000ದ ಅಕ್ಟೋಬರ್‌ನಲ್ಲಿ ರಾಜ್ಯ ಸರ್ಕಾರವು ಪ್ರಾದೇಶಿಕ ಅಸಮಾನತೆಯನ್ನು ಅಧ್ಯಯನ ಮಾಡಲು ಒಂದು ಉನ್ನತಾಧಿಕಾರ ಸಮಿತಿಯನ್ನು ನೇಮಿಸಿತು. ಅಧ್ಯಕ್ಷರು ಡಾ. ಡಿ.ಎಂ. ನಂಜುಂಡಪ್ಪ. 2002ರ ಜೂನ್‌ನಲ್ಲಿ ಅವರು ವರದಿ ಒಪ್ಪಿಸಿದರು. ಅಲ್ಲಿಯವರೆಗೆ ಹಿಂದುಳಿದ ಜಿಲ್ಲೆ, ಮುಂದುವರಿದ ಜಿಲ್ಲೆ ಎಂದು ಮಾತಾಡುವುದು ರೂಢಿಯಾಗಿತ್ತು. ಈ ಸಮಿತಿ ಇನ್ನೂ ಕೆಳಗಿಳಿದು, ಆಗಿದ್ದ 175 ತಾಲೂಕುಗಳನ್ನು ಒಂದೊಂದಾಗಿ ಪರೀಕ್ಷಿಸಿತು. ಕೃಷಿ, ಕೈಗಾರಿಕೆ, ರಸ್ತೆ, ಬ್ಯಾಂಕು, ಶಾಲೆ, ಆಸ್ಪತ್ರೆ, ಕುಡಿಯುವ ನೀರು, ಹೆಣ್ಣು-ಗಂಡಿನ ಅನುಪಾತ ಹೀಗೆ 35 ಅಳತೆಗೋಲುಗಳು. ರಾಜ್ಯದ ಸರಾಸರಿಯನ್ನು 1 ಎಂದು ಇಟ್ಟುಕೊಂಡು ಪ್ರತಿ ತಾಲೂಕಿಗೂ ಅಂಕ ಕೊಟ್ಟರು. ನಾವು ಮಕ್ಕಳ ಪ್ರಗತಿಪತ್ರ ಬರೆಯುವ ಹಾಗೆ! 114 ತಾಲೂಕುಗಳು ಸರಾಸರಿಗಿಂತ ಕೆಳಗಿದ್ದವು. ಅವುಗಳಲ್ಲಿ 35 ಹಿಂದುಳಿದವು, 40 ಹೆಚ್ಚು ಹಿಂದುಳಿದವು, ಉಳಿದ 39 ಅತ್ಯಂತ ಹಿಂದುಳಿದವು.

ಆ ಕೊನೆಯ 39ರಲ್ಲಿ ನಮ್ಮ ನಾಲ್ಕೂ ಇದ್ದವು. ಬೆಳಗಾವಿ ವಿಭಾಗದಲ್ಲಿ ಈ ದರ್ಜೆಗೆ ಇಳಿದದ್ದು ಒಟ್ಟು ಐದು ತಾಲೂಕು, ಅವುಗಳಲ್ಲಿ ನಾಲ್ಕು ಒಂದೇ ಜಿಲ್ಲೆಯವು. ಆಗ ಈ ಜಿಲ್ಲೆಯಲ್ಲಿ ಇದ್ದದ್ದೇ ಐದು ತಾಲೂಕು. ಅಂದರೆ ಜಿಲ್ಲಾ ಕೇಂದ್ರದ ತಾಲೂಕೊಂದನ್ನು ಬಿಟ್ಟು ಉಳಿದದ್ದೆಲ್ಲ. ಬಸವಣ್ಣನವರು ಹುಟ್ಟಿದ ಊರು ಬಾಗೇವಾಡಿ. ಹನ್ನೆರಡನೆಯ ಶತಮಾನದಲ್ಲಿ ಅಗಸ, ಅಂಬಿಗ, ಹೆಂಗಸು ಎನ್ನದೆ ಎಲ್ಲರನ್ನೂ ಒಂದೇ ಮಂಟಪದಲ್ಲಿ ಕೂರಿಸಿ ಮಾತಾಡಿಸಿದವರ ಊರು. 2024ರ ಜನವರಿಯಲ್ಲಿ ಸರ್ಕಾರ ಅವರನ್ನು ರಾಜ್ಯದ ಸಾಂಸ್ಕೃತಿಕ ನಾಯಕ ಎಂದು ಘೋಷಿಸಿತು. ಅವರ ಹೆಸರು ಹೊತ್ತ ಬಸವನ ಬಾಗೇವಾಡಿಯೂ, ಅವರು ಅನುಭವ ಮಂಟಪ ಕಟ್ಟಿದ ಕಲ್ಯಾಣವಿರುವ ಬಸವಕಲ್ಯಾಣವೂ ಆ ಪಟ್ಟಿಯಲ್ಲಿವೆ. ಎಷ್ಟು ಸಲ ಓದಿದರೂ ಈ ಸಾಲು ನನ್ನನ್ನು ಕುಟುಕುತ್ತದೆ.

ಸಮಿತಿಯ ಅಳತೆಗೋಲುಗಳಲ್ಲಿ ಒಂದನ್ನು ಬಿಡಿಸಿ ನೋಡೋಣ. ದಿನಕ್ಕೆ ತಲಾ 40 ಲೀಟರ್ ನೀರು ಸಿಗುವ ಜನವಸತಿಗಳೆಷ್ಟು ಎಂಬುದು ಅದು. ಆರು ಜನರ ಮನೆಗೆ 240 ಲೀಟರ್. ಒಂದು ಕೊಡಕ್ಕೆ 15 ಲೀಟರ್ ಹಿಡಿಯುತ್ತದೆ ಎಂದರೆ ಹದಿನಾರು ಕೊಡ. 2019ರಲ್ಲಿ ಆರಂಭವಾದ ಜಲಜೀವನ ಮಿಷನ್ ಇದನ್ನು 55 ಲೀಟರಿಗೆ ಏರಿಸಿತು, ಅಂದರೆ ಇಪ್ಪತ್ತೆರಡು ಕೊಡ. ನಲ್ಲಿ ಅಂಗಳದಲ್ಲಿದ್ದರೆ ಇದು ಬರೀ ಅಂಕಿ. ನಲ್ಲಿ ಓಣಿಯ ಆಚೆ ಇದ್ದರೆ, ಅದೂ ಯಾವಾಗ ಬರುತ್ತದೆಂದು ಗೊತ್ತಿಲ್ಲದಿದ್ದರೆ, ಹದಿನಾರು ಕೊಡ ಎಂದರೆ ಒಬ್ಬ ಹುಡುಗಿಯ ಬೆಳಗಿನ ಹೊತ್ತು. ಸರ್ಕಾರದ ಕಾಗದದಲ್ಲಿ ಅದು ‘ಲೀಟರ್’. ಸೇನರ ಭಾಷೆಯಲ್ಲಿ ಹೇಳುವುದಾದರೆ, ಅದು ಆ ಹುಡುಗಿ ಏನಾಗಬಲ್ಲಳೋ ಅದರಿಂದ ಕಳೆದುಹೋದ ಒಂದು ಭಾಗ.

ಮತದ ಮಾತಿಗೆ ಬರುತ್ತೇನೆ. 1949ರ ನವೆಂಬರ್ 25ರಂದು ಸಂವಿಧಾನ ಸಭೆಯಲ್ಲಿ ಡಾ. ಅಂಬೇಡ್ಕರ್ ಒಂದು ಎಚ್ಚರಿಕೆ ಕೊಟ್ಟಿದ್ದರು. ಗಣರಾಜ್ಯವಾದ ದಿನದಿಂದ ನಾವು ಒಂದು ವಿರೋಧಾಭಾಸದ ಬದುಕಿಗೆ ಕಾಲಿಡುತ್ತೇವೆ, ರಾಜಕೀಯದಲ್ಲಿ ಸಮಾನತೆ ಇರುತ್ತದೆ, ಸಾಮಾಜಿಕ ಹಾಗೂ ಆರ್ಥಿಕ ಬದುಕಿನಲ್ಲಿ ಅಸಮಾನತೆ ಉಳಿಯುತ್ತದೆ, ಇದನ್ನು ಬೇಗ ಸರಿಪಡಿಸದಿದ್ದರೆ ಅಸಮಾನತೆ ಅನುಭವಿಸುವವರು ಈ ಪ್ರಜಾಪ್ರಭುತ್ವದ ಕಟ್ಟಡವನ್ನೇ ಕೆಡವಿಯಾರು ಎಂಬ ಅರ್ಥದ ಮಾತು. ಇಂಡಿಯ ಒಬ್ಬ ಕೂಲಿ ಹೆಂಗಸಿಗೂ ಬೆಂಗಳೂರಿನ ಒಬ್ಬ ಉದ್ಯಮಿಗೂ ಮತಗಟ್ಟೆಯಲ್ಲಿ ಒಂದೇ ಗುಂಡಿ. ಅದು ಸಣ್ಣ ವಿಷಯವಲ್ಲ. ಆದರೆ ಗುಂಡಿ ಒತ್ತಿ ಇಬ್ಬರೂ ಹೊರಬಂದ ಮೇಲೆ?

ಮತದ ಬೆಲೆಯನ್ನು ಕಡಿಮೆ ಅಂದಾಜು ಮಾಡಬಾರದು ಎನ್ನಲು ನಮ್ಮ ಜಿಲ್ಲೆಯ ಇತಿಹಾಸವೇ ಸಾಕ್ಷಿ. ಇದು ಕಲಾದಗಿ ಜಿಲ್ಲೆ ಎಂದು ಕರೆಸಿಕೊಳ್ಳುತ್ತಿದ್ದ ಕಾಲದಲ್ಲಿ, 1876ರಿಂದ 78ರವರೆಗಿನ ಮಹಾ ಕ್ಷಾಮದಲ್ಲಿ ಇಲ್ಲಿಯ ಜನ ಊರೂರೇ ಖಾಲಿಯಾಗುವಂತೆ ಸತ್ತರು. ಆಳುವವರನ್ನು ಕೇಳುವ ಹಕ್ಕು ಅವರಿಗೆ ಇರಲಿಲ್ಲ. ಡೋಣಿ ಬೆಳೆದರೆ ಓಣಿಯೆಲ್ಲ ಜೋಳ ಎಂಬ ಮಾತು ನಮ್ಮ ಕಡೆ ಇದೆ. ಡೋಣಿ ನದಿಯ ಕರಿಮಣ್ಣು ಅಷ್ಟು ಫಲವತ್ತು. ಆದರೆ ಮಳೆ ಕೈಕೊಟ್ಟ ವರ್ಷ ಆ ಮಣ್ಣೇ ಬಾಯಿ ಬಿರಿಯುತ್ತದೆ. ‘ಎಪ್ಪತ್ತೆರಡರ ಬರ’ವನ್ನು ನೆನೆಯುವ ಅಜ್ಜಿಯರು ಈಗಲೂ ಇದ್ದಾರೆ. ಬರಗಾಲದ ಕಾಮಗಾರಿಯಲ್ಲಿ ಕಲ್ಲು ಒಡೆದದ್ದನ್ನೂ, ಸರದಿಯಲ್ಲಿ ನಿಂತು ಕಾಳು ತಂದದ್ದನ್ನೂ ಹೇಳುತ್ತಾರೆ. ಕಷ್ಟವಾಯಿತು, ಆದರೆ ಮುತ್ತಜ್ಜಿಯ ಕಾಲದಂತೆ ಹೆಣಗಳು ಬೀಳಲಿಲ್ಲ. ಚುನಾವಣೆ, ವಿರೋಧ ಪಕ್ಷ, ಸ್ವತಂತ್ರ ಪತ್ರಿಕೆಗಳಿರುವ ದೇಶದಲ್ಲಿ ದೊಡ್ಡ ಕ್ಷಾಮ ಸಂಭವಿಸುವುದಿಲ್ಲ ಎಂದು ಸೇನ್ ತೋರಿಸಿಕೊಟ್ಟದ್ದು ಇದನ್ನೇ. ಮತ ಕೇಳಲು ಬರಬೇಕಾದವನು ಜನ ಸಾಯುವುದನ್ನು ನೋಡುತ್ತ ಕೂರಲಾರ.

ಆದರೆ ಅದೇ ಸೇನ್ ಇನ್ನೊಂದು ಮಾತನ್ನೂ ಹೇಳಿದ್ದಾರೆ. ಹಸಿವಿನಿಂದ ಸಾವಿರ ಜನ ಸತ್ತರೆ ಸರ್ಕಾರ ನಡುಗುತ್ತದೆ, ಆದರೆ ಅರೆಹೊಟ್ಟೆ, ರಕ್ತಹೀನತೆ, ಅನಕ್ಷರತೆ ನಿಧಾನವಾಗಿ ಕೊಲ್ಲುವುದರಿಂದ ಯಾವ ಸರ್ಕಾರವೂ ಬೀಳುವುದಿಲ್ಲ. ನಮ್ಮ ನಾಲ್ಕು ತಾಲೂಕುಗಳ ಕಷ್ಟ ಈ ಎರಡನೆಯ ಬಗೆಯದು, ಸದ್ದು ಮಾಡದ ಕಷ್ಟ. 2011ರ ಜನಗಣತಿಯಲ್ಲಿ ರಾಜ್ಯದ ಮಹಿಳಾ ಸಾಕ್ಷರತೆ ನೂರಕ್ಕೆ 68ಕ್ಕೆ ತಲುಪಿದ್ದಾಗ ನಮ್ಮ ಜಿಲ್ಲೆಯದು 57ನ್ನೂ ಮುಟ್ಟಿರಲಿಲ್ಲ. ಜಿಲ್ಲೆಯ ಗಂಡಸರದು 77. ಸುಗ್ಗಿ ಮುಗಿಯುತ್ತಲೇ ಗೋವಾಕ್ಕೆ, ಮಹಾರಾಷ್ಟ್ರಕ್ಕೆ, ಬೆಂಗಳೂರಿಗೆ ಗುಳೆ ಹೊರಡುವ ಕುಟುಂಬಗಳನ್ನು ನೀವು ಬಸ್ ನಿಲ್ದಾಣದಲ್ಲಿ ನೋಡಿಯೇ ಇರುತ್ತೀರಿ. ಪಾತ್ರೆಯ ಗಂಟು, ಹಾಸಿಗೆಯ ಸುರುಳಿ, ನಡುವೆ ಶಾಲೆಯ ಸಮವಸ್ತ್ರದಲ್ಲೇ ಕೂತ ಮಗು. ಮತದಾನದ ದಿನ ಇವರನ್ನು ಕರೆತರಲು ವಾಹನ ಬರುತ್ತದೆ. ಮಗುವನ್ನು ಪರೀಕ್ಷೆಗೆ ಕರೆತರಲು ಬರುವುದಿಲ್ಲ.

ಇಲ್ಲಿ ಇನ್ನೊಬ್ಬ ಚಿಂತಕನನ್ನು ಕರೆಯಬೇಕಾಗುತ್ತದೆ. ಅಮೆರಿಕದ ಜಾನ್ ರಾಲ್ಸ್. 1971ರಲ್ಲಿ ನ್ಯಾಯದ ಸಿದ್ಧಾಂತದ ಬಗ್ಗೆ ಅವರು ಬರೆದ ಗ್ರಂಥವನ್ನು ಬಿಟ್ಟು ಇಂದು ಯಾವ ವಿಶ್ವವಿದ್ಯಾಲಯದಲ್ಲೂ ರಾಜ್ಯಶಾಸ್ತ್ರ ಪಾಠ ಮುಂದೆ ಸಾಗದು. (ನಂಜುಂಡಪ್ಪ ವರದಿ ಬಂದ 2002ರಲ್ಲೇ ಅವರು ತೀರಿಕೊಂಡರು.) ರಾಲ್ಸ್ ಒಂದು ಕಲ್ಪನೆ ಮಾಡಿಕೊಳ್ಳಲು ಹೇಳುತ್ತಾರೆ. ನೀವು ಒಂದು ತೆರೆಯ ಹಿಂದೆ ಕೂತಿದ್ದೀರಿ. ತೆರೆ ಸರಿದ ಮೇಲೆ ನೀವು ಗಂಡಾಗಿರುತ್ತೀರೋ ಹೆಣ್ಣೋ, ಬಡವರೋ ಸಿರಿವಂತರೋ, ಬಹುಸಂಖ್ಯಾತರೋ ಅಲ್ಪಸಂಖ್ಯಾತರೋ, ಆರೋಗ್ಯವಂತರೋ ರೋಗಿಯೋ ಯಾವುದೂ ನಿಮಗೆ ಗೊತ್ತಿಲ್ಲ. ಈಗ ಕೂತು ಸಮಾಜದ ನಿಯಮಗಳನ್ನು ಬರೆಯಿರಿ. ತಾನು ಮುದ್ದೇಬಿಹಾಳದ ಒಣ ಹಳ್ಳಿಯಲ್ಲಿ ಭೂಮಿಯಿಲ್ಲದವನ ಮಗಳಾಗಿ ಹುಟ್ಟಿಯೇನು ಎಂಬ ಭಯವಿರುವವನು ಬರೆಯುವ ನಿಯಮಕ್ಕೂ, ತಾನು ಯಾರೆಂದು ಚೆನ್ನಾಗಿ ಗೊತ್ತಿರುವವನು ಬರೆಯುವ ನಿಯಮಕ್ಕೂ ಎಷ್ಟು ವ್ಯತ್ಯಾಸ! ಎಲ್ಲರಿಗೂ ಸಮಾನ ಸ್ವಾತಂತ್ರ್ಯ, ಸಮಾನ ಅವಕಾಶ ಇರಬೇಕು, ಅದರ ಮೇಲೂ ಹೆಚ್ಚು ಕಡಿಮೆ ಉಳಿಯುವುದಾದರೆ ಅದು ತೀರ ಕೆಳಗಿರುವವನಿಗೆ ಲಾಭ ತರುವಂತಿರಬೇಕು ಎಂಬ ನಿಯಮಕ್ಕೇ ಆ ತೆರೆಯ ಹಿಂದಿನವರೆಲ್ಲ ಒಪ್ಪುತ್ತಾರೆ ಎಂದು ರಾಲ್ಸ್ ವಾದಿಸಿದರು.

ಈ ಕಲ್ಲಿನ ಮೇಲೆ ಆಲಮಟ್ಟಿಯನ್ನು ಉಜ್ಜಿ ನೋಡಿ. ಬಸವನ ಬಾಗೇವಾಡಿ ತಾಲೂಕಿಗೆ ಸೇರಿದ್ದ, ಈಗ ನಿಡಗುಂದಿಗೆ ಸೇರಿದ ಆ ಅಣೆಕಟ್ಟೆಗೆ 1964ರಲ್ಲಿ ಲಾಲ್ ಬಹದ್ದೂರ್ ಶಾಸ್ತ್ರಿಯವರು ಅಡಿಗಲ್ಲು ಹಾಕಿದರು. ಗೋಡೆ ಎದ್ದು ನೀರು ನಿಲ್ಲಲು ಮೂರು ದಶಕಗಳಿಗೂ ಹೆಚ್ಚು ಬೇಕಾಯಿತು. ಅಷ್ಟರಲ್ಲಿ ಮನೆ, ಹೊಲ, ಮಸೀದಿ, ಗುಡಿ, ಖಬರಸ್ತಾನಗಳನ್ನು ನೀರಿಗೆ ಬಿಟ್ಟುಕೊಟ್ಟವರು ಕೃಷ್ಣೆಯ ದಂಡೆಯವರು. ಅಣೆಕಟ್ಟೆ ಬೇಡವಾಗಿತ್ತು ಎಂದು ನಾನು ಹೇಳುವುದಿಲ್ಲ. ಇಂದು ಹಸಿರಾಗಿರುವ ಹೊಲಗಳನ್ನು ನೋಡಿದವರು ಯಾರೂ ಹಾಗೆನ್ನಲಾರರು. ಆದರೆ ರಾಲ್ಸ್ ಕೇಳುವ ಪ್ರಶ್ನೆ ಬೇರೆ. ಎಲ್ಲಕ್ಕಿಂತ ಹೆಚ್ಚು ಕಳೆದುಕೊಂಡವನಿಗೆ ಇದರಿಂದ ಏನು ಬಂತು? ಪುನರ್ವಸತಿ ಕೇಂದ್ರದ ಕಟ್ಟೆಯ ಮೇಲೆ ಕೂತ ಮುದುಕರಲ್ಲಿ ಇದನ್ನು ಕೇಳಿ. ಅವರು ಉತ್ತರಿಸುವ ಮೊದಲು ಸ್ವಲ್ಪ ಹೊತ್ತು ಸುಮ್ಮನಿರುತ್ತಾರೆ.

ನಂಜುಂಡಪ್ಪನವರ ಶಿಫಾರಸು ಈ ನ್ಯಾಯಕ್ಕೆ ಹತ್ತಿರದ್ದು. ಎಂಟು ವರ್ಷಗಳಲ್ಲಿ 31,000 ಕೋಟಿ ರೂಪಾಯಿಗಳ ವಿಶೇಷ ಅಭಿವೃದ್ಧಿ ಯೋಜನೆ ಕೈಗೊಳ್ಳಬೇಕು, ಅದರಲ್ಲಿ 16,000 ಕೋಟಿ ಮಾಮೂಲಿ ಬಜೆಟ್ಟಿನ ಮೇಲೆ ಹೆಚ್ಚುವರಿಯಾಗಿ ಬರಬೇಕು ಎಂದು ಅವರು ಹೇಳಿದರು. ತಲೆಗೆ ಎರಡು ರೊಟ್ಟಿಯ ಲೆಕ್ಕ ಬಿಟ್ಟು ಹಸಿದವನಿಗೆ ಮೂರು ಎಂಬ ಲೆಕ್ಕ! 2002ರ ವರದಿಯ ಈ ಯೋಜನೆ ಆರಂಭವಾದದ್ದು 2007-08ರಲ್ಲಿ. ಶಾಲಾ ಕೊಠಡಿ, ರಸ್ತೆ, ವಸತಿನಿಲಯಗಳು ಬಂದವು. ಆದರೆ ಹಂಚಿಕೆಯಾದ ಹಣ, ಬಿಡುಗಡೆಯಾದ ಹಣ, ಖರ್ಚಾದ ಹಣ ಎಂಬ ಮೂರು ಬೇರೆ ಬೇರೆ ಅಂಕಿಗಳಿರುತ್ತವೆ ಎಂಬುದನ್ನು ಸರ್ಕಾರಿ ಲೆಕ್ಕ ಓದಿದವರೆಲ್ಲ ಬಲ್ಲರು.

ನಂತರ ಇನ್ನೊಂದು ತಿರುವು ಬಂತು. 2012ರ 98ನೆಯ ತಿದ್ದುಪಡಿಯಿಂದ ಸಂವಿಧಾನಕ್ಕೆ 371(ಜೆ) ವಿಧಿ ಸೇರಿತು. ಹಿಂದೆ ನಿಜಾಮರ ಆಳ್ವಿಕೆಯಲ್ಲಿದ್ದ ಪ್ರದೇಶಕ್ಕೆ ಮತ್ತು ಬಳ್ಳಾರಿಗೆ ಪ್ರತ್ಯೇಕ ಮಂಡಳಿ, ಶಿಕ್ಷಣ ಮತ್ತು ಉದ್ಯೋಗದಲ್ಲಿ ಮೀಸಲಾತಿ ದೊರೆಯಿತು. 2019ರಲ್ಲಿ ಕಲ್ಯಾಣ ಕರ್ನಾಟಕ ಎಂದು ಹೆಸರಾದದ್ದು ಆ ಪ್ರದೇಶವೇ. ಅವರಿಗೆ ದೊರೆತದ್ದು ನ್ಯಾಯವೇ, ಅದರ ಬಗ್ಗೆ ಅಸೂಯೆ ಪಡುವುದು ನಮಗೆ ಶೋಭಿಸದು. ಆದರೆ ಭೂಪಟವನ್ನು ಎದುರಿಗಿಟ್ಟುಕೊಳ್ಳಿ. ಸಿಂದಗಿಯ ಕಡೆಯಿಂದ ಭೀಮೆಯನ್ನು ದಾಟಿದರೆ ಅಫಜಲಪುರ ತಾಲೂಕು. ನಂಜುಂಡಪ್ಪನವರ ಪಟ್ಟಿಯಲ್ಲಿ ಎರಡೂ ಅತ್ಯಂತ ಹಿಂದುಳಿದವು. ಅದೇ ಬಿಸಿಲು, ಅದೇ ತೊಗರಿ, ಅದೇ ಗುಳೆ, ಅದೇ ಮಾತು. ಹೆಣ್ಣು ಕೊಟ್ಟು ತಂದ ಸಂಬಂಧಗಳು ನದಿಯ ಎರಡೂ ದಂಡೆಯಲ್ಲಿವೆ. ಆಚೆ ದಂಡೆಯ ಅತ್ತೆಯ ಮಗಳಿಗೆ ಮೆಡಿಕಲ್ ಸೀಟಿನಲ್ಲಿ 371(ಜೆ) ಇದೆ, ಈಚೆ ದಂಡೆಯ ಮಾವನ ಮಗಳಿಗೆ ಇಲ್ಲ. ಕಾರಣ ಏನು? 1956ಕ್ಕಿಂತ ಮೊದಲು ಆ ದಂಡೆ ಹೈದರಾಬಾದಿನದಾಗಿತ್ತು, ಈ ದಂಡೆ ಮುಂಬಯಿಯದಾಗಿತ್ತು. ಒಂದು ವರದಿ ಇಂದಿನ ಬಡತನವನ್ನು ಅಳೆಯಿತು, ಒಂದು ಕಾನೂನು ಹಿಂದಿನ ಗಡಿಯನ್ನು ಅಳೆಯಿತು. ಯಾವುದರ ಸಮಾನತೆ ಎಂಬ ಪ್ರಶ್ನೆಗೆ ಎರಡು ಉತ್ತರ ಬಂದಾಗ ನಡುವೆ ಸಿಕ್ಕಿಕೊಂಡವರು ಈ ನಾಲ್ಕು ತಾಲೂಕಿನವರು. ಈ ವಿಷಯದಲ್ಲಿ ನನ್ನ ಅಭಿಪ್ರಾಯ ಸ್ಪಷ್ಟ. ಅಳತೆಗೆ ಇಂದಿನ ಬದುಕೇ ಆಧಾರವಾಗಬೇಕು, ಅಳಿದುಹೋದ ರಾಜ್ಯಗಳ ಗಡಿಯಲ್ಲ. 2024ರಲ್ಲಿ ಸರ್ಕಾರ ಅರ್ಥಶಾಸ್ತ್ರಜ್ಞ ಎಂ. ಗೋವಿಂದ ರಾವ್ ಅವರ ಅಧ್ಯಕ್ಷತೆಯಲ್ಲಿ ಪ್ರಾದೇಶಿಕ ಅಸಮಾನತೆಯ ಬಗ್ಗೆ ಮತ್ತೊಂದು ಸಮಿತಿಯನ್ನು ರಚಿಸಿತು. ಅಷ್ಟರಲ್ಲಿ ನಮ್ಮ ನಾಲ್ಕು ತಾಲೂಕುಗಳಿಂದ ಚಡಚಣ, ಆಲಮೇಲ, ದೇವರ ಹಿಪ್ಪರಗಿ, ತಾಳಿಕೋಟೆ, ಕೊಲ್ಹಾರ, ನಿಡಗುಂದಿಗಳು ಸಿಡಿದು ಬೇರೆ ತಾಲೂಕುಗಳಾಗಿದ್ದವು. ಹಳೆಯ ಪಟ್ಟಿಯ ಹೆಸರುಗಳು ಹಾಗೆಯೇ ಇವೆ, ಅವುಗಳ ಹಿಂದಿನ ನೆಲ ಹಂಚಿಹೋಗಿದೆ.

ಕೊಟ್ಟದ್ದಕ್ಕೂ ದಕ್ಕಿದ್ದಕ್ಕೂ ಇರುವ ಅಂತರವನ್ನು ಹೆಣ್ಣುಮಕ್ಕಳ ಓದಿನಲ್ಲಿ ನೋಡುವಷ್ಟು ಸ್ಪಷ್ಟವಾಗಿ ಬೇರೆಲ್ಲೂ ನೋಡಲಾಗದು. ರಾಜ್ಯದ ಮೊದಲ ಮಹಿಳಾ ವಿಶ್ವವಿದ್ಯಾಲಯ 2003ರಲ್ಲಿ ಆರಂಭವಾದದ್ದು ನಮ್ಮ ಜಿಲ್ಲಾ ಕೇಂದ್ರದಲ್ಲೇ. 2017ರಲ್ಲಿ ಅದಕ್ಕೆ ಅಕ್ಕಮಹಾದೇವಿಯ ಹೆಸರಿಟ್ಟರು. 2023ರ ಜೂನ್‌ನಿಂದ ಶಕ್ತಿ ಯೋಜನೆಯಲ್ಲಿ ಹೆಂಗಸರಿಗೆ ಬಸ್ ಪ್ರಯಾಣ ಉಚಿತವಾಯಿತು. ವಿಶ್ವವಿದ್ಯಾಲಯವೂ ಬಂತು, ಟಿಕೆಟ್ಟೂ ಪುಕ್ಕಟೆಯಾಯಿತು. ಆದರೂ ನನ್ನ ತರಗತಿಯಲ್ಲಿ ಎಸ್ಸೆಸ್ಸೆಲ್ಸಿಯಲ್ಲಿ ಒಳ್ಳೆಯ ಅಂಕ ಪಡೆದ ಹುಡುಗಿ ಮನೆಯಲ್ಲಿ ಕೂತಳು. ಅವಳ ಹಳ್ಳಿಗೆ ಬೆಳಗ್ಗೆ ಒಂದು ಬಸ್, ಸಂಜೆ ಒಂದು. ಸಂಜೆಯ ಬಸ್ ಯಾವಾಗ ಬರುತ್ತದೆ, ಬರುತ್ತದೋ ಇಲ್ಲವೋ ಹೇಳಲಾಗದು. ಕತ್ತಲಲ್ಲಿ ಮಗಳು ಕ್ರಾಸಿನಲ್ಲಿ ನಿಲ್ಲುವುದನ್ನು ಯಾವ ಅಬ್ಬಾ ಒಪ್ಪುತ್ತಾನೆ? ಸರ್ಕಾರದ ಲೆಕ್ಕದಲ್ಲಿ ಅವಳಿಗೆ ಕಾಲೇಜೂ ಇದೆ, ಉಚಿತ ಪ್ರಯಾಣವೂ ಇದೆ. ‘ಹುಡುಗಿಯರನ್ನು ಓದಿಸುವುದಿಲ್ಲ ನೀವು’ ಎಂದು ನಮ್ಮ ಸಮುದಾಯವನ್ನು ಬೈಯುವವರು ಆ ಕ್ರಾಸಿನಲ್ಲಿ ಒಂದು ಸಂಜೆ ನಿಂತು ನೋಡಬೇಕು. ಹಾಗೆಂದು ತಪ್ಪೆಲ್ಲ ಬಸ್ಸಿನದೇ ಎಂದೂ ನಾನು ಹೇಳಲಾರೆ. ಅದೇ ಮನೆಯ ಹುಡುಗ ಅದೇ ಅಂಕ ಪಡೆದಿದ್ದರೆ ಅವನಿಗೆ ಪಟ್ಟಣದಲ್ಲಿ ರೂಮು ಮಾಡಿಕೊಡುತ್ತಿದ್ದರು.

ಈಗ ಬಡಿಸಿದವಳ ಮಾತಿಗೆ ಬರುತ್ತೇನೆ. ತಾಲೂಕಿಗೆ ಒಂದು ಅಂಕ ಕೊಟ್ಟಾಗ ಅದು ಸರಾಸರಿ. ಸರಾಸರಿಯೊಳಗೆ ಓಣಿ ಕಾಣುವುದಿಲ್ಲ, ಓಣಿಯೊಳಗೆ ಮನೆ ಕಾಣುವುದಿಲ್ಲ, ಮನೆಯೊಳಗೆ ಕೊನೆಗೆ ಉಂಡವಳು ಕಾಣುವುದಿಲ್ಲ. ಪಡಿತರ ಚೀಟಿಯಲ್ಲಿ ಆರು ಹೆಸರಿಗೆ ಅಕ್ಕಿ ಬಂತು ಎಂದರೆ ಆರೂ ಜನ ಹೊಟ್ಟೆ ತುಂಬ ಉಂಡರು ಎಂದಲ್ಲ. ದೊಡ್ಡ ದೊಡ್ಡ ಸಮಿತಿಗಳ ಕಣ್ಣಿಗೆ ಬೀಳದ ಈ ಕೊನೆಯ ಅಳತೆಯನ್ನು ಯಾರು ಮಾಡಬೇಕು? ಅಲ್ಲಿ ಇರುವವರೇ ಮಾಡಬೇಕು. ಇಂಗ್ಲೆಂಡಿನ ಆ್ಯನ್ ಫಿಲಿಪ್ಸ್ ಎಂಬ ವಿದುಷಿ 1995ರಲ್ಲಿ ಬರೆದ ಪುಸ್ತಕವೊಂದರಲ್ಲಿ ಈ ವಿಷಯವನ್ನು ಚರ್ಚಿಸಿದ್ದಾರೆ. ಹೆಂಗಸರ ಪರವಾಗಿ ಒಳ್ಳೆಯ ಗಂಡಸು ಮಾತಾಡಿದರೆ ಸಾಲದೇ ಎಂದು ಕೇಳುವವರಿಗೆ, ಸಾಲದು, ಸಭೆಯಲ್ಲಿ ಅವರೇ ಇರಬೇಕು ಎಂದು ಅವರು ಉತ್ತರಿಸುತ್ತಾರೆ. ಏಕೆಂದರೆ ಏನು ಬೇಕು ಎಂಬುದು ಮೊದಲೇ ಪಟ್ಟಿಯಾಗಿ ಸಿದ್ಧವಿರುವುದಿಲ್ಲ, ಮಾತಾಡುತ್ತಾ ಮಾತಾಡುತ್ತಾ ಹೊರಬರುತ್ತದೆ.

ಫಿಲಿಪ್ಸ್ ಬರೆಯುವುದಕ್ಕೆ ಮೊದಲೇ ಕರ್ನಾಟಕ ಇದನ್ನು ಮಾಡಿತ್ತು ಎಂಬುದು ನಮ್ಮಲ್ಲಿ ಬಹಳ ಜನರಿಗೆ ಗೊತ್ತಿಲ್ಲ. ಮಾಡಿದವರು ಅಬ್ದುಲ್ ನಜೀರ್ ಸಾಬ್. ಗುಂಡ್ಲುಪೇಟೆಯವರು, ರಾಮಕೃಷ್ಣ ಹೆಗಡೆಯವರ ಸಂಪುಟದಲ್ಲಿ ಗ್ರಾಮೀಣಾಭಿವೃದ್ಧಿ ಸಚಿವರು. ಹಳ್ಳಿ ಹಳ್ಳಿಗೆ ಕೊಳವೆಬಾವಿ ಹಾಕಿಸಿದ್ದರಿಂದ ಜನ ಅವರನ್ನು ‘ನೀರ್ ಸಾಬ್’ ಎಂದೇ ಕರೆದರು. ಅವರು ರೂಪಿಸಿದ 1983ರ ಕಾಯ್ದೆಯಂತೆ 1987ರಲ್ಲಿ ಚುನಾವಣೆ ನಡೆದಾಗ ಪಂಚಾಯತಿಗಳಲ್ಲಿ ನಾಲ್ಕನೇ ಒಂದು ಭಾಗ ಸ್ಥಾನ ಹೆಂಗಸರದಾಯಿತು. ಇಡೀ ದೇಶಕ್ಕೆ ಮೂರನೇ ಒಂದು ಭಾಗ ಕೊಟ್ಟ 73ನೆಯ ತಿದ್ದುಪಡಿ ಬಂದದ್ದು ಅದರ ನಂತರ. 2010ರಲ್ಲಿ ಕರ್ನಾಟಕ ಅದನ್ನು ಅರ್ಧಕ್ಕೆ ಏರಿಸಿತು. ನಜೀರ್ ಸಾಬ್ 1988ರಲ್ಲೇ ತೀರಿಕೊಂಡರು. ನೀರನ್ನೂ ಪಂಚಾಯತಿಯನ್ನೂ ಒಬ್ಬನೇ ಮನುಷ್ಯ ಹಿಡಿದುಕೊಂಡದ್ದು ಆಕಸ್ಮಿಕವಲ್ಲ ಎಂದು ನನಗೆ ಅನಿಸುತ್ತದೆ.

ಸದಸ್ಯೆಯ ಬದಲು ಗಂಡನೇ ಕುರ್ಚಿಯಲ್ಲಿ ಕೂರುತ್ತಾನೆ, ಅವಳು ಮನೆಯಲ್ಲಿ ಸಹಿ ಹಾಕುತ್ತಾಳೆ ಎಂದು ನೀವು ನಗಬಹುದು. ಹಾಗೆ ಆಗುವುದುಂಟು, ನಾನೂ ನೋಡಿದ್ದೇನೆ. ಆದರೆ ಸದಸ್ಯೆಯಾಗದೆಯೂ ಕೂರಬಹುದಾದ ಒಂದು ಸಭೆ ಇದೆ. ಅದು ಗ್ರಾಮಸಭೆ. ಅಲ್ಲಿ ಕೂರಲು ಮತದಾರರ ಪಟ್ಟಿಯಲ್ಲಿ ಹೆಸರಿದ್ದರೆ ಸಾಕು. ನಿಮ್ಮ ಹೆಸರಿದೆ. ಯಾರಿಗೆ ಮನೆ, ಯಾವ ಓಣಿಗೆ ಪೈಪು, ಯಾವ ಕೆಲಸ ಮೊದಲು ಎಂಬುದು ಅಲ್ಲಿ ಚರ್ಚೆಯಾಗಬೇಕೆಂದು ಕಾನೂನಿದೆ. ಆದರೆ ಸಭೆ ಕರೆಯುವುದು ನಾವು ಹೊಲದಲ್ಲೋ ಒಲೆಯ ಮುಂದೋ ಇರುವ ಹೊತ್ತಿಗೆ.

ನಾನು ಒಮ್ಮೆ ಅಂಥ ಸಭೆಯೊಂದಕ್ಕೆ ಹೋಗಿದ್ದೆ. ಊರಿನ ಹೆಸರು ಬೇಡ. ಮುಂದಿನ ಸಾಲುಗಳಲ್ಲಿ ಗಂಡಸರು, ಬಾಗಿಲ ಬಳಿ ಏಳೆಂಟು ಹೆಂಗಸರು. ಬಹಳ ಹೊತ್ತು ಚರಂಡಿಯ ಮಾತು, ಗುತ್ತಿಗೆಯ ಮಾತು ನಡೆಯಿತು. ಆಗ ಬಾಗಿಲ ಬಳಿಯಿಂದ ಸೆರಗನ್ನು ತಲೆಯ ಮೇಲೆ ಎಳೆದುಕೊಳ್ಳುತ್ತಾ ಒಬ್ಬಾಕೆ ಎದ್ದು ನಿಂತಳು. ‘ನೀರು ಬಿಡೂದು ಎಷ್ಟ್ ಗಂಟೇಕ್ ಅಂತ ಒಂದು ಹೊತ್ತು ಗೊತ್ತು ಮಾಡ್ರಿ ಸಾಹೇಬ್ರ. ಮುಂಜಾನಿ ಬಿಟ್ರ ನನ್ನ ಮಗಳು ಸಾಲಿ ಬಿಡ್ತಾಳ. ಸಂಜೀಕ್ ಬಿಟ್ರ ಓದ್ತಾಳ’ ಎಂದಳು. ಯಾರೋ ನಕ್ಕರು. ಮೇಜಿನ ಹಿಂದೆ ಕೂತವರು ತಲೆಯಾಡಿಸಿ, ನಡಾವಳಿ ಪುಸ್ತಕದಲ್ಲಿ ಏನೋ ಗೀಚಿ, ಮುಂದಿನ ವಿಷಯಕ್ಕೆ ಹೊರಟರು. ಪಕ್ಕದವರು ಸೆರಗು ಹಿಡಿದು ಜಗ್ಗಿದರೂ ಆಕೆ ಕೂರಲಿಲ್ಲ.

‘ಏನ್ ಬರಕೊಂಡ್ರಿ, ಒಮ್ಮೆ ಓದ್ರಲ್ಲ’ ಎಂದಳು.